ಒಂದು ಡಬ್ಬಿ ಕ್ರೀಮು, ಒಂದು ಮನವಿ ಪತ್ರ: ಸೌಂದರ್ಯವರ್ಧಕಗಳ ಬಿಗಿ ನಿಯಂತ್ರಣಕ್ಕಾಗಿ ವಾದ ಕಟ್ಟುವ ಬಗೆ

ಮುಖಕ್ಕೆ ಹಚ್ಚುವ ಕ್ರೀಮುಗಳಲ್ಲಿ ಪಾದರಸ ಬೆರೆಸುವುದನ್ನು ನಿಷೇಧಿಸಬೇಕೆಂದು ಮನವಿ ಬರೆದು, ನೂರು ಸಹಿ ಹಾಕಿಸಿ, ಅಧಿಕಾರಿಯ ಮೇಜಿನ ಮೇಲಿಟ್ಟವರಿಗೆ ಒಂದೇ ಸಾಲಿನ ಉತ್ತರ ಸಿಗುವುದುಂಟು: ಅದಕ್ಕೆ ನಿಯಮ ಈಗಾಗಲೇ ಇದೆ. ಉತ್ತರ ಸುಳ್ಳಲ್ಲ. 2020ರ ಡಿಸೆಂಬರ್‌ನಲ್ಲಿ ಪ್ರಕಟವಾದ ಕೇಂದ್ರದ ಸೌಂದರ್ಯವರ್ಧಕ ನಿಯಮಾವಳಿಯು ಕಣ್ಣಿನ ಭಾಗಕ್ಕೆ ಹಚ್ಚುವ ಪದಾರ್ಥಗಳಲ್ಲಿ ಸಂರಕ್ಷಕವಾಗಿ ಮಾತ್ರ ಹತ್ತು ಲಕ್ಷಕ್ಕೆ 70 ಭಾಗದವರೆಗೆ ಪಾದರಸಕ್ಕೆ ಅವಕಾಶ ಕೊಟ್ಟಿತು. ಉಳಿದ ಉತ್ಪನ್ನಗಳಲ್ಲಿ ಉದ್ದೇಶವಿಲ್ಲದೆ ಸೇರಿಕೊಂಡ ಪಾದರಸವೂ ಹತ್ತು ಲಕ್ಷಕ್ಕೆ 1 ಭಾಗವನ್ನು ಮೀರಬಾರದೆಂದು ವಿಧಿಸಿತು. ಹೀಗಿದ್ದೂ ಕೇರಳದ ಔಷಧ ನಿಯಂತ್ರಣ ಇಲಾಖೆ ‘ಆಪರೇಷನ್ ಸೌಂದರ್ಯ’ ಎಂಬ ಹೆಸರಿನಲ್ಲಿ ಅಂಗಡಿಗಳ ತಪಾಸಣೆ ನಡೆಸಿದಾಗ, ಮಿತಿಗಿಂತ ಸುಮಾರು 12,000 ಪಟ್ಟು ಪಾದರಸವಿದ್ದ ಉತ್ಪನ್ನಗಳು ಸಿಕ್ಕವೆಂದು 2025ರ ಜನವರಿಯಲ್ಲಿ ವರದಿಯಾಯಿತು. ಮನವಿ ಬರೆದವರ ಆತಂಕವೂ ನಿಜ, ಅಧಿಕಾರಿಯ ಉತ್ತರವೂ ನಿಜ. ವಾದ ಕಟ್ಟಬೇಕಾದದ್ದು ಈ ಎರಡರ ನಡುವೆ ಬಾಯ್ದೆರೆದಿರುವ ಬಿರುಕಿನ ಬಗ್ಗೆ.

ಕೇಳುಗರನ್ನು ಒಪ್ಪಿಸುವುದಕ್ಕೆ ಮೂರು ದಾರಿಗಳಿವೆ ಎಂದು ಗ್ರೀಕ್ ತತ್ತ್ವಜ್ಞ ಅರಿಸ್ಟಾಟಲ್ ವಿಂಗಡಿಸಿದ್ದಾನೆ: ಮಾತನಾಡುವವನ ಮೇಲಿನ ನಂಬಿಕೆ, ಕೇಳುವವನ ಮನಸ್ಸಿನ ಭಾವ, ಮಾತಿನೊಳಗಿನ ತರ್ಕ. ಈಥೋಸ್, ಪೇಥೋಸ್, ಲೋಗೋಸ್ ಎಂಬ ಹೆಸರಿನಲ್ಲಿ ಇವನ್ನು ಕಾಲೇಜುಗಳಲ್ಲಿ ಕಲಿಸುತ್ತಾರೆ. ನಮಗೆ ಇವು ತೀರ ಹೊಸವಲ್ಲ. ನಮ್ಮ ಹಳೆಯ ತರ್ಕಶಾಸ್ತ್ರವಾದ ನ್ಯಾಯದರ್ಶನದಲ್ಲಿ ಆಪ್ತವಾಕ್ಯವೆಂದು ಹೇಳುವುದು ಹೆಚ್ಚುಕಡಿಮೆ ಮೊದಲನೆಯದನ್ನೇ, ಅನುಮಾನಪ್ರಮಾಣವೆಂದು ಹೇಳುವುದು ಮೂರನೆಯದರ ಹತ್ತಿರದ ನೆಂಟನನ್ನೇ. ಭಾವದ ವಿಷಯದಲ್ಲಂತೂ ಹರಿಕಥೆ, ತಾಳಮದ್ದಳೆ ಕೇಳಿ ಬೆಳೆದವರಿಗೆ ಹೊರಗಿನ ಪಾಠ ಬೇಕಿಲ್ಲ. ಈ ಮೂರನ್ನೂ ಸೌಂದರ್ಯವರ್ಧಕಗಳ ನಿಯಂತ್ರಣವೆಂಬ ಒಂದೇ ವಿಷಯಕ್ಕೆ, ಅದರಲ್ಲೂ ಬಿಳುಪು ಕ್ರೀಮಿನ ಪಾದರಸಕ್ಕೆ, ಹೇಗೆ ಹೂಡಬೇಕೆಂಬುದನ್ನು ಮುಂದೆ ವಿವರಿಸಿದ್ದೇನೆ.

ಮೊದಲು ಬೇಡಿಕೆ

ವಾದಕ್ಕೆ ಕೂರುವ ಮೊದಲು ನಿಮಗೆ ಏನು ಬೇಕೆಂಬುದನ್ನು ಒಂದೇ ವಾಕ್ಯದಲ್ಲಿ ಬರೆದುಕೊಳ್ಳಿ. ‘ಕಠಿಣ ಕಾನೂನು ಬೇಕು’ ಎಂಬುದು ಬೇಡಿಕೆಯಾಗುವುದಿಲ್ಲ, ಅದು ನಿಟ್ಟುಸಿರು. ಕಾನೂನಿನಲ್ಲಿ ಸಡಿಲವಿರುವ ಕಡೆಗೆ ಬೆರಳಿಟ್ಟು ತೋರಿಸಬೇಕು, ಮತ್ತು ಹಾಗೆ ತೋರಿಸಲು ಜಾಗಗಳು ಸಾಕಷ್ಟಿವೆ. ಔಷಧ ಮಾರಲು ಅಂಗಡಿಗೆ ಪರವಾನಗಿ ಬೇಕು. ಸೌಂದರ್ಯವರ್ಧಕ ಮಾರುವ ಫ್ಯಾನ್ಸಿ ಸ್ಟೋರಿಗೆ ಅಂಥ ಪರವಾನಗಿ ಬೇಕಿಲ್ಲ. ಔಷಧ ಮತ್ತು ಸೌಂದರ್ಯವರ್ಧಕ ಕಾಯ್ದೆಯ 27ಎ ಕಲಮಿನ ಪ್ರಕಾರ ನಕಲಿ ಅಥವಾ ಕಲಬೆರಕೆ ಉತ್ಪನ್ನಕ್ಕೆ ಮೂರು ವರ್ಷದವರೆಗೆ ಸೆರೆವಾಸ ಮತ್ತು ಕನಿಷ್ಠ 50,000 ರೂಪಾಯಿ ದಂಡವಿದ್ದರೂ, ಆ ಗುಂಪಿಗೆ ಸೇರದ ಉಳಿದ ಉಲ್ಲಂಘನೆಗಳಿಗೆ ದಂಡದ ಗರಿಷ್ಠ ಮೊತ್ತ 20,000 ರೂಪಾಯಿ. ಸೆರೆವಾಸ ಒಂದು ವರ್ಷದವರೆಗೆ ಇರಬಹುದು, ಅದನ್ನು ಬಿಟ್ಟು ಬರೀ ದಂಡದಲ್ಲಿಯೂ ಮುಗಿಯಬಹುದು. ಒಂದು ಮಧ್ಯಮ ಗಾತ್ರದ ಸಗಟು ಅಂಗಡಿಗೆ ಆ ದಂಡ ಎಷ್ಟು ದಿನದ ವ್ಯಾಪಾರವೆಂದು ಓದುಗರೇ ಲೆಕ್ಕ ಹಾಕಲಿ.

ಬೇಡಿಕೆ ಕಿರಿದಾದಷ್ಟೂ ಅದನ್ನು ತಳ್ಳಿಹಾಕುವುದು ಕಷ್ಟ. ಸ್ಟೆರಾಯ್ಡ್ ಮುಲಾಮುಗಳ ಪ್ರಕರಣ ಇದಕ್ಕೆ ಒಳ್ಳೆಯ ಸಾಕ್ಷಿ. ಚರ್ಮರೋಗಕ್ಕೆ ಕೊಡುವ ಈ ಔಷಧಿಗಳನ್ನು ಜನ ಬಿಳುಪಿನ ಆಸೆಗೆ ವರ್ಷಗಟ್ಟಲೆ ಮುಖಕ್ಕೆ ಬಳಿದುಕೊಂಡು, ಚರ್ಮ ತೆಳುವಾಗಿ, ಕೆಂಪೇರಿ, ಮೊಡವೆ ಎದ್ದು ಆಸ್ಪತ್ರೆಗೆ ಬರುತ್ತಿದ್ದರು. ದೇಶದ ಚರ್ಮವೈದ್ಯರ ಸಂಘವು ಬಿಳುಪಿನ ವ್ಯಾಮೋಹವನ್ನೇ ನಿರ್ಮೂಲ ಮಾಡಬೇಕೆಂದು ಸರ್ಕಾರವನ್ನು ಕೇಳಲಿಲ್ಲ. ಈ ಮುಲಾಮುಗಳು ವೈದ್ಯರ ಚೀಟಿಯಿಲ್ಲದೆ ಕೈಗೆ ಸಿಗಬಾರದೆಂದು ಕೇಳಿತು. 2018ರ ಮಾರ್ಚ್‌ನಲ್ಲಿ 14 ಸ್ಟೆರಾಯ್ಡ್‌ಗಳ ಮುಲಾಮುಗಳು ಚೀಟಿ ಕಡ್ಡಾಯವಾದ ಷೆಡ್ಯೂಲ್ ಎಚ್ ಪಟ್ಟಿಗೆ ಸೇರಿದವು. ಆ ಮೇಲೂ ಅವು ಅಂಗಡಿಗಳಲ್ಲಿ ಹಾಗೆಯೇ ಸಿಗುತ್ತಿವೆ ಎಂಬ ದೂರು ಇದೆ, ಅದು ಬೇರೆ ಅಧ್ಯಾಯ.

ಈ ಲೇಖನದ ಉದ್ದಕ್ಕೂ ಉದಾಹರಣೆಗಾಗಿ ಒಂದು ಬೇಡಿಕೆಯನ್ನು ಇಟ್ಟುಕೊಳ್ಳೋಣ: ರಾಜ್ಯದಲ್ಲಿ ಮಾರಾಟವಾಗುವ ಬಿಳುಪು ಕ್ರೀಮುಗಳ ಮಾದರಿಗಳನ್ನು ಮೂರು ತಿಂಗಳಿಗೊಮ್ಮೆ ಪಾದರಸಕ್ಕಾಗಿ ಪರೀಕ್ಷಿಸಿ, ಫಲಿತಾಂಶವನ್ನು ಉತ್ಪನ್ನದ ಹೆಸರು ಮತ್ತು ಬ್ಯಾಚ್ ಸಂಖ್ಯೆಯೊಂದಿಗೆ ಪ್ರಕಟಿಸಬೇಕು.

ಆಪ್ತರೆನಿಸಿಕೊಳ್ಳುವುದು

ಇದ್ದುದನ್ನು ಇದ್ದಂತೆ ಬಲ್ಲವನು ಮತ್ತು ಬಲ್ಲದ್ದನ್ನು ಇದ್ದಂತೆ ಹೇಳುವವನು ಆಪ್ತ ಎಂಬುದು ನೈಯಾಯಿಕರ, ಎಂದರೆ ನ್ಯಾಯದರ್ಶನದ ಪಂಡಿತರ, ಮಾತಿನ ತಾತ್ಪರ್ಯ. ಇದರಲ್ಲಿ ಡಿಗ್ರಿಯ ಮಾತಿಲ್ಲ. ಚರ್ಮವೈದ್ಯರ ಒಂದು ಪತ್ರ ಜೊತೆಗಿದ್ದರೆ ಒಳ್ಳೆಯದೇ, ಆದರೆ ಗೃಹಿಣಿಯೊಬ್ಬರು ಕಾಯ್ದೆಯ ಕಲಮನ್ನು ಸರಿಯಾಗಿ ಉಲ್ಲೇಖಿಸಿ ಬರೆದ ಎರಡು ಪುಟ, ಪ್ರಾಧ್ಯಾಪಕರೊಬ್ಬರು ಅಂದಾಜಿನ ಮೇಲೆ ಬರೆದ ಹತ್ತು ಪುಟಕ್ಕಿಂತ ಹೆಚ್ಚು ನಂಬಿಕೆ ಹುಟ್ಟಿಸುತ್ತದೆ. ನಂಬಿಕೆ ಕಳೆದುಕೊಳ್ಳಲು ಒಂದು ಪದ ಸಾಕು, ಮತ್ತು ಈ ವಿಷಯದಲ್ಲಿ ಆ ಪದ ‘ಕೆಮಿಕಲ್’. ನೀರೂ ರಾಸಾಯನಿಕವೇ ಎಂದು ಎದುರಿನವರು ನಕ್ಕರೆ ನಿಮ್ಮ ಮುಂದಿನ ಮಾತಿಗೆ ಕಿವಿಯೇ ಇರುವುದಿಲ್ಲ. ಪಾದರಸವೆಂದರೆ ಪಾದರಸವೆನ್ನಿ, ಸೀಸವೆಂದರೆ ಸೀಸವೆನ್ನಿ, ಪ್ರಮಾಣವನ್ನು ಅಂಕಿಯಲ್ಲಿ ಹೇಳಿ.

‘ನೈಸರ್ಗಿಕವಾದದ್ದು ನಿರಪಾಯಕಾರಿ’ ಎಂಬ ಮಾತನ್ನೂ ಅದರೊಂದಿಗೇ ಬಿಟ್ಟುಬಿಡಿ. ಕಣ್ಣಿಗೆ ಹಚ್ಚುವ ಕೆಲವು ಸುರ್ಮಾಗಳಿಗೆ ಹೊಳಪು ಬರುವುದು ನೆಲದಿಂದ ಅಗೆದು ತೆಗೆದ ಗೆಲೀನಾದಿಂದ, ಎಂದರೆ ಸೀಸದ ಸಲ್ಫೈಡಿನಿಂದ. ಅದಕ್ಕಿಂತ ನೈಸರ್ಗಿಕವಾದದ್ದು ಇನ್ನಾವುದಿದೆ? ನೀವೇ ಮನೆಯಲ್ಲಿ ಸಾಬೂನು ಅಥವಾ ಲಿಪ್ ಬಾಮ್ ಮಾಡಿ ಮಾರುತ್ತಿದ್ದರೆ ಅದನ್ನು ಪತ್ರದ ಮೊದಲ ಪ್ಯಾರಾದಲ್ಲೇ ಹೇಳಿಬಿಡಿ. ಬೇರೆಯವರು ಕಂಡುಹಿಡಿದು ಹೇಳಿದರೆ ಅದೇ ಮಾತು ಆರೋಪವಾಗುತ್ತದೆ.

ಆಪ್ತತೆಗೆ ಕಾನೂನೇ ಒಂದು ಏಣಿ ಇಟ್ಟಿದೆ, ಬಳಸುವವರು ಕಡಿಮೆ. ಅದೇ ಕಾಯ್ದೆಯ 26ನೇ ಕಲಮಿನ ಪ್ರಕಾರ ಯಾವುದೇ ವ್ಯಕ್ತಿ, ಅಥವಾ ಮಾನ್ಯತೆ ಪಡೆದ ಗ್ರಾಹಕ ಸಂಘ, ತಾನು ಕೊಂಡ ಸೌಂದರ್ಯವರ್ಧಕವನ್ನು ನಿಗದಿತ ಅರ್ಜಿ ಮತ್ತು ಶುಲ್ಕದೊಂದಿಗೆ ಸರ್ಕಾರಿ ವಿಶ್ಲೇಷಕರಿಗೆ ಒಪ್ಪಿಸಿ, ಅವರ ಸಹಿಯಿರುವ ವರದಿ ಪಡೆಯಬಹುದು. ಇಂಥ ಒಂದು ವರದಿ ಕೈಯಲ್ಲಿದ್ದರೆ ನೀವು ಕೇಳಿದ್ದನ್ನು ಹೇಳುವವರ ಸಾಲಿನಿಂದ ಕಂಡದ್ದನ್ನು ಹೇಳುವವರ ಸಾಲಿಗೆ ಬರುತ್ತೀರಿ. ವರದಿಯಲ್ಲಿ ಪಾದರಸ ಮಿತಿಯೊಳಗಿದೆ ಎಂದು ಬಂದರೆ ಅದನ್ನೂ ಮುಚ್ಚಿಡದೆ ಬರೆಯಿರಿ. ಐದು ಡಬ್ಬಿಗಳಲ್ಲಿ ಮೂರು ಸರಿಯಿದ್ದವು ಎಂದು ಒಪ್ಪಿಕೊಂಡವರ ಬಾಯಿಂದ ಉಳಿದ ಎರಡರ ಮಾತು ಕೇಳುವುದಕ್ಕೆ ಬೇರೆಯೇ ತೂಕವಿರುತ್ತದೆ.

ತರ್ಕದ ಐದು ಮೆಟ್ಟಿಲು

ಬೆಟ್ಟದಲ್ಲಿ ಬೆಂಕಿಯಿದೆ, ಏಕೆಂದರೆ ಹೊಗೆಯಿದೆ, ಹೊಗೆಯಿದ್ದಲ್ಲಿ ಬೆಂಕಿಯಿರುವುದನ್ನು ಅಡುಗೆಮನೆಯಲ್ಲಿ ನೋಡಿದ್ದೇವೆ, ಈ ಬೆಟ್ಟದಲ್ಲೂ ಅಂಥದೇ ಹೊಗೆ, ಆದ್ದರಿಂದ ಬೆಂಕಿಯಿದೆ: ನ್ಯಾಯದರ್ಶನದ ಐದು ಅವಯವಗಳನ್ನು ವಿವರಿಸಲು ಹೇಳುವ ಹಳೆಯ ದೃಷ್ಟಾಂತ ಇದು. ಪ್ರತಿಜ್ಞೆ, ಹೇತು, ಉದಾಹರಣೆ, ಉಪನಯ, ನಿಗಮನ ಎಂಬ ಈ ಕ್ರಮ ಮನವಿ ಪತ್ರಕ್ಕೆ ಹೇಳಿ ಮಾಡಿಸಿದಂತಿದೆ, ಏಕೆಂದರೆ ಇದು ಬೇಡಿಕೆಯನ್ನು ಮೊದಲಿಗೇ ಇಡುತ್ತದೆ ಮತ್ತು ನಡುವೆ ಒಂದು ಕಣ್ಣಿಗೆ ಕಾಣುವ ದೃಷ್ಟಾಂತವನ್ನು ಕಡ್ಡಾಯವಾಗಿ ಕೇಳುತ್ತದೆ.

ಪ್ರತಿಜ್ಞೆಯನ್ನು, ಎಂದರೆ ಬೇಡಿಕೆಯನ್ನು, ಆಗಲೇ ಬರೆದಿದ್ದೇವೆ. ಹೇತು ಹೀಗಿರಬಹುದು: ಕ್ರೀಮಿನಲ್ಲಿರುವ ಪಾದರಸವನ್ನು ಕೊಳ್ಳುವವರು ಬಣ್ಣದಿಂದಾಗಲಿ ವಾಸನೆಯಿಂದಾಗಲಿ ಲೇಬಲ್ಲಿನಿಂದಾಗಲಿ ಪತ್ತೆ ಮಾಡಲಾರರು. ಇಲ್ಲಿ ಸ್ವಲ್ಪ ನಿಂತು ಪಾದರಸ ಕೆಲಸ ಮಾಡುವ ಬಗೆಯನ್ನು ವಿವರಿಸಬೇಕು. ಚರ್ಮಕ್ಕೆ ಬಣ್ಣ ಕೊಡುವ ಮೆಲನಿನ್ ತಯಾರಾಗಲು ಟೈರೋಸಿನೇಸ್ ಎಂಬ ಕಿಣ್ವ ಬೇಕು; ಪಾದರಸದ ಲವಣಗಳು ಆ ಕಿಣ್ವಕ್ಕೆ ಅಡ್ಡಗಾಲು ಹಾಕುತ್ತವೆ, ಆದ್ದರಿಂದ ಚರ್ಮ ನಿಜವಾಗಿಯೂ ತಿಳಿಯಾಗುತ್ತದೆ. ಮೋಸದ ಕ್ರೀಮಾಗಿದ್ದರೆ ಜನ ಒಂದೇ ಡಬ್ಬಿಗೆ ಬಿಡುತ್ತಿದ್ದರು. ಇದು ಕೆಲಸ ಮಾಡುತ್ತದೆ, ಅದಕ್ಕೇ ಎರಡನೆಯ ಡಬ್ಬಿಯನ್ನೂ ಕೊಳ್ಳುತ್ತಾರೆ, ತಂಗಿಗೂ ಕೊಡಿಸುತ್ತಾರೆ. ಚರ್ಮದ ಮೂಲಕ ಒಳಗೆ ಹೋದ ಪಾದರಸ ಸೇರಿಕೊಳ್ಳುವುದು ಮುಖ್ಯವಾಗಿ ಮೂತ್ರಪಿಂಡದಲ್ಲಿ. ಅಂಗೈ ಹುಣ್ಣಿಗೆ ಕನ್ನಡಿ ಬೇಡವೆಂಬುದು ಸರಿಯೇ, ಆದರೆ ಈ ಹುಣ್ಣು ಅಂಗೈಯಲ್ಲಿಲ್ಲ.

ಉದಾಹರಣೆಗೆ ದೂರ ಹೋಗಬೇಕಿಲ್ಲ. ಗ್ರಾಹಕರು ತಾವಾಗಿ ಗುರುತಿಸಲಾಗದ ಅಪಾಯವಿರುವ ಕಡೆ ಸರ್ಕಾರವೇ ಮಾದರಿ ತೆಗೆದು ಪರೀಕ್ಷಿಸುತ್ತದೆ ಎಂಬುದಕ್ಕೆ ಕರ್ನಾಟಕದಲ್ಲೇ 2024ರ ಮಾರ್ಚ್‌ನ ಪ್ರಸಂಗವಿದೆ. ಆಗ ಗೋಬಿ ಮಂಚೂರಿಯ 171 ಮಾದರಿಗಳಲ್ಲಿ 107, ಬೊಂಬಾಯಿ ಮಿಠಾಯಿಯ 25 ಮಾದರಿಗಳಲ್ಲಿ 15 ಅಸುರಕ್ಷಿತವೆಂದು ಕಂಡುಬಂದು, ಅವುಗಳಲ್ಲಿ ಕೃತಕ ಬಣ್ಣ ಬಳಸುವುದನ್ನು ರಾಜ್ಯ ಸರ್ಕಾರ ನಿಷೇಧಿಸಿತು. ಬಟ್ಟೆಗೆ ಹಾಕುವ ರೋಡಮೈನ್-ಬಿ ಬಣ್ಣ ಮಿಠಾಯಿಯಲ್ಲಿರುವುದು ಅಲ್ಲಿಗೆ ಮೊದಲೂ ಕಾನೂನುಬಾಹಿರವೇ ಆಗಿತ್ತು. ಬೀದಿಬದಿಯ ಗಾಡಿಗಳವರೆಗೆ ಸುದ್ದಿ ಮುಟ್ಟಿದ್ದು ಪರೀಕ್ಷೆಯ ಅಂಕಿ ಬಹಿರಂಗವಾದ ಮೇಲೆ. ಉಪನಯದಲ್ಲಿ, ಎಂದರೆ ಆ ಉದಾಹರಣೆಯನ್ನು ನಮ್ಮ ವಿಷಯಕ್ಕೆ ಅನ್ವಯಿಸುವಾಗ, ಹೇಳಬೇಕಾದದ್ದು ಇಷ್ಟೇ: ಬಿಳುಪು ಕ್ರೀಮೂ ಆ ಮಿಠಾಯಿಯ ಹಾಗೆಯೇ ಕಣ್ಣಿಗೆ ಚೆಂದ, ನಿಯಮವೂ ಇದೆ, ಪತ್ತೆ ಮಾಡುವುದು ಮಾತ್ರ ಪ್ರಯೋಗಾಲಯಕ್ಕೆ ಸಾಧ್ಯ. ನಿಗಮನದಲ್ಲಿ ಬೇಡಿಕೆ ಮತ್ತೊಮ್ಮೆ ಬರುತ್ತದೆ, ಆದರೆ ಈಗ ಅದರ ಹಿಂದೆ ನಾಲ್ಕು ಮೆಟ್ಟಿಲುಗಳಿರುತ್ತವೆ.

ಅಂಕಿಗಳ ವಿಷಯದಲ್ಲಿ ಎರಡು ಮಾತು. ಮೊದಲನೆಯದು, ಹತ್ತು ಲಕ್ಷಕ್ಕೆ ಇಷ್ಟು ಭಾಗವೆಂದು ಹೇಳುವ ಪಿಪಿಎಂ ಎಂಬ ಅಳತೆಯನ್ನು ಹಾಗೆಯೇ ಬಿಡಬೇಡಿ, ಡಬ್ಬಿಗೆ ಇಳಿಸಿ. 20 ಗ್ರಾಂ ಕ್ರೀಮಿನಲ್ಲಿ ನಿಯಮ ಸಹಿಸುವುದು 0.02 ಮಿಲಿಗ್ರಾಂ ಪಾದರಸ. ಮಿತಿಯ 12,000 ಪಟ್ಟು ಎಂದರೆ ಅದೇ ಡಬ್ಬಿಯಲ್ಲಿ 240 ಮಿಲಿಗ್ರಾಂ, ಹೆಚ್ಚುಕಡಿಮೆ ತೂಕದಲ್ಲಿ ನೂರಕ್ಕೆ 1.2 ಭಾಗ. ಅಷ್ಟು ಪಾದರಸ ಕಚ್ಚಾವಸ್ತುವಿನ ಜೊತೆ ಅಕಸ್ಮಾತ್ತಾಗಿ ಬಂದು ಸೇರುವುದಿಲ್ಲ, ಯಾರೋ ಅಳೆದು ಹಾಕಿರಬೇಕು. ಈ ಒಂದು ಗುಣಾಕಾರ ‘ಅಕಸ್ಮಾತ್ತಾಗಿ ಸೇರಿರಬಹುದು’ ಎಂಬ ಸಮಜಾಯಿಷಿಯನ್ನು ಬಾಗಿಲಲ್ಲೇ ತಡೆಯುತ್ತದೆ.

ಎರಡನೆಯದು, ಅಂಕಿ ಹೇಳುವಷ್ಟನ್ನೇ ಹೇಳಿ. ಕೇರಳದ ಮಲಪ್ಪುರಂ ಜಿಲ್ಲೆಯ ವೈದ್ಯರು 2021ರ ಜುಲೈಯಿಂದ 2023ರ ಸೆಪ್ಟೆಂಬರ್‌ವರೆಗೆ ಮೆಂಬ್ರೇನಸ್ ನೆಫ್ರೋಪತಿ ಎಂಬ ಮೂತ್ರಪಿಂಡದ ಕಾಯಿಲೆಯ 22 ರೋಗಿಗಳನ್ನು ಗಮನಿಸಿದಾಗ, ಅವರಲ್ಲಿ 15 ಮಂದಿಗೆ ನೆಲ್-1 ಎಂಬ ಪ್ರೋಟೀನಿಗೆ ಸಂಬಂಧಿಸಿದ ಅಪರೂಪದ ಬಗೆ ಇತ್ತು, ಆ 15ರಲ್ಲಿ 13 ಮಂದಿ ಬಿಳುಪು ಕ್ರೀಮು ಬಳಸಿದ್ದನ್ನು ಒಪ್ಪಿಕೊಂಡರು, ಮತ್ತು ಹೆಚ್ಚಿನವರಲ್ಲಿ ಕ್ರೀಮು ನಿಲ್ಲಿಸಿದ ಮೇಲೆ ಕಾಯಿಲೆ ಇಳಿಯಿತು. ಇದು ಬಲವಾದ ಸೂಚನೆ. ಆದರೆ ಇದನ್ನು ಹಿಡಿದು ‘ಕ್ರೀಮು ಬಳಸುವವರಲ್ಲಿ ನೂರಕ್ಕೆ ಇಷ್ಟು ಜನರಿಗೆ ಮೂತ್ರಪಿಂಡ ಕೆಡುತ್ತದೆ’ ಎಂದು ಬರೆದರೆ ಅದು ತಪ್ಪು ಲೆಕ್ಕ. ಇಲ್ಲಿ ಎಣಿಸಿರುವುದು ರೋಗಿಗಳಲ್ಲಿ ಬಳಕೆದಾರರನ್ನು, ಬಳಕೆದಾರರಲ್ಲಿ ರೋಗಿಗಳನ್ನಲ್ಲ. ಎದುರಿನವರಲ್ಲಿ ಒಬ್ಬರಾದರೂ ಸಂಖ್ಯಾಶಾಸ್ತ್ರ ಬಲ್ಲವರಿರುತ್ತಾರೆ, ಮತ್ತು ಅವರು ಮಾತನಾಡುವುದು ಕೊನೆಯಲ್ಲಿ.

ಭಾವ, ಅಳತೆಯಲ್ಲಿ

ಭಾವವನ್ನು ನಾವು ದುಂದು ಮಾಡುತ್ತೇವೆ ಎಂಬುದು ನನ್ನ ಅನಿಸಿಕೆ. ಒಂದು ಮಾದರಿ ನೋಡಿ:

‘ಅಮಾಯಕ ಹೆಣ್ಣುಮಕ್ಕಳು ವಿಷಕಾರಿ ಕ್ರೀಮುಗಳಿಗೆ ಬಲಿಯಾಗುತ್ತಿದ್ದಾರೆ. ಧನದಾಹಿ ಕಂಪನಿಗಳು ನಮ್ಮ ಸಹೋದರಿಯರ ಜೀವದೊಂದಿಗೆ ಚೆಲ್ಲಾಟವಾಡುತ್ತಿವೆ. ಸರ್ಕಾರ ಕಣ್ಣುಮುಚ್ಚಿ ಕುಳಿತಿದೆ.’

ಇದರಲ್ಲಿ ಮನುಷ್ಯರೇ ಇಲ್ಲ. ಅಮಾಯಕ, ಧನದಾಹಿ, ಚೆಲ್ಲಾಟ ಎಂಬ ಪದಗಳು ಸವೆದು ನುಣುಪಾಗಿ ಓದುಗರ ಮನಸ್ಸಿನಲ್ಲಿ ಎಲ್ಲಿಯೂ ತಗುಲದೆ ಜಾರಿಹೋಗುತ್ತವೆ. ಸಾಲದ್ದಕ್ಕೆ, ಓದಬೇಕಾದ ಅಧಿಕಾರಿಯನ್ನು ಮೂರನೆಯ ವಾಕ್ಯದಲ್ಲೇ ಬೈದಾಗಿದೆ. ಅದೇ ಜಾಗದಲ್ಲಿ ಹೀಗೆ ಬರೆಯಬಹುದು:

‘ಮದುವೆ ಗೊತ್ತಾದ ಮೇಲೆ ಆಕೆ ಕ್ರೀಮು ಹಚ್ಚಲು ಆರಂಭಿಸಿದಳು. ಎರಡು ತಿಂಗಳಲ್ಲಿ ಬಣ್ಣ ತಿಳಿಯಾಯಿತು, ಮನೆಯವರು ಮೆಚ್ಚಿದರು. ಮೂರನೆಯ ತಿಂಗಳು ಬೆಳಿಗ್ಗೆ ಏಳುವಾಗ ರೆಪ್ಪೆಗಳು ಊದಿರುತ್ತಿದ್ದವು, ಸಂಜೆಯ ಹೊತ್ತಿಗೆ ಕಾಲುಂಗುರ ಬಿಗಿಯಾಗುತ್ತಿತ್ತು. ಮೂತ್ರದಲ್ಲಿ ನೊರೆ ಬರುತ್ತಿದ್ದುದನ್ನು ಆಕೆ ಯಾರಿಗೂ ಹೇಳಲಿಲ್ಲ.’

ಮೂತ್ರದಲ್ಲಿ ಪ್ರೋಟೀನ್ ಸೋರಿದಾಗ ಆಗುವುದು ಇದೇ: ನೊರೆ, ರೆಪ್ಪೆ ಮತ್ತು ಪಾದಗಳ ಊತ. ವೈದ್ಯಕೀಯ ಸತ್ಯವೂ ಮನಸ್ಸಿಗೆ ತಾಗುವ ಚಿತ್ರವೂ ಒಂದೇ ವಾಕ್ಯದಲ್ಲಿ ಕೂಡಿದಾಗ ಯಾರನ್ನೂ ಬೈಯುವ ಅಗತ್ಯ ಬೀಳುವುದಿಲ್ಲ. ನಾನು ಮೇಲೆ ಬರೆದದ್ದು ಮಾದರಿಗಾಗಿ ಕಟ್ಟಿದ ಪ್ಯಾರಾ. ನೀವು ಬರೆಯುವಾಗ ನಿಜವಾದ ವ್ಯಕ್ತಿಯ ಅನುಭವವನ್ನೇ, ಅವರ ಒಪ್ಪಿಗೆ ಪಡೆದು, ಹೆಸರು ಮತ್ತು ಊರು ಮರೆಸಿ ಬಳಸಬೇಕು. ಕಲ್ಪಿತ ರೋಗಿಯನ್ನು ನಿಜವೆಂದು ನಂಬಿಸಹೊರಟರೆ ಆಪ್ತತೆಯೆಂಬ ಮೊದಲ ಕಂಬವೇ ಬೀಳುತ್ತದೆ.

ಕ್ರೀಮು ಹಚ್ಚಿದವಳನ್ನು ಮೂದಲಿಸುವ ಧಾಟಿ ಪತ್ರದಲ್ಲಿ ಎಲ್ಲಿಯೂ ಬರಬಾರದು. ವಧು ಬೇಕಾಗಿದ್ದಾಳೆ ಎಂಬ ಜಾಹೀರಾತಿನಲ್ಲಿ ‘ಬೆಳ್ಳಗಿನ’ ಎಂಬ ವಿಶೇಷಣಕ್ಕೆ ದುಡ್ಡು ಕೊಟ್ಟು ಜಾಗ ಕೊಳ್ಳುವ ಸಮಾಜದಲ್ಲಿ, ಆ ಜಾಗಕ್ಕೆ ಹೊಂದಿಕೊಳ್ಳಲು ಹೊರಟವಳೊಬ್ಬಳನ್ನೇ ಹೊಣೆ ಮಾಡುವುದು ಅನ್ಯಾಯ. ಅಷ್ಟಲ್ಲದೆ ಅದು ವಾದವನ್ನೂ ಹಾಳುಮಾಡುತ್ತದೆ: ತಪ್ಪು ಬಳಸುವವಳದಾದರೆ ಸರ್ಕಾರಕ್ಕೆ ಕೆಲಸವೇನಿದೆ?

ಭಾವ ಎಷ್ಟು ದೂರ ಒಯ್ಯಬಲ್ಲದು, ಎಲ್ಲಿ ನಿಲ್ಲುತ್ತದೆ ಎಂಬುದನ್ನು ತಿಳಿಯಲು ಅಮೆರಿಕದ 1930ರ ದಶಕ ಒಳ್ಳೆಯ ಪಾಠ. ಅಲ್ಲಿನ 1906ರ ಆಹಾರ ಮತ್ತು ಔಷಧ ಕಾನೂನು ಸೌಂದರ್ಯವರ್ಧಕಗಳನ್ನು ಮುಟ್ಟಿರಲಿಲ್ಲ. ರೆಪ್ಪೆಗೂದಲಿಗೆ ಬಣ್ಣ ಕೊಡುವ ಲ್ಯಾಶ್ ಲೂರ್ ಎಂಬ ಪದಾರ್ಥದಲ್ಲಿದ್ದ ಪ್ಯಾರಾಫಿನೈಲೀನ್ ಡೈಅಮೀನ್‌ನಿಂದ ಹೆಂಗಸರ ಕಣ್ಣು ಹೋಗಿತ್ತು, ಸಾವೂ ಆಗಿತ್ತು. ಕೂದಲು ತೆಗೆಯುವ ಕೊರೆಮ್ಲು ಎಂಬ ಕ್ರೀಮಿನಲ್ಲಿ ಥ್ಯಾಲಿಯಂ ವಿಷವಿತ್ತು. ಆದರೂ ಅವನ್ನು ಮುಟ್ಟುಗೋಲು ಹಾಕಲು ಅಲ್ಲಿನ ಆಹಾರ ಮತ್ತು ಔಷಧ ನಿಯಂತ್ರಣ ಸಂಸ್ಥೆಯಾದ ಎಫ್‌ಡಿಎಗೆ ಅಧಿಕಾರವಿರಲಿಲ್ಲ. 1933ರಲ್ಲಿ ಅದು ಇಂಥ ಉತ್ಪನ್ನಗಳನ್ನು, ಕಣ್ಣು ಕಳೆದುಕೊಂಡವರ ಮೊದಲಿನ ಮತ್ತು ಆಮೇಲಿನ ಫೋಟೊಗಳ ಸಮೇತ, ಒಂದು ಪ್ರದರ್ಶನವಾಗಿ ಜೋಡಿಸಿತು. ಪತ್ರಿಕೆಗಳು ಅದನ್ನು ಭಯಾನಕಗಳ ಕೋಣೆಯೆಂದು ಕರೆದವು. ನೋಡಿದವರು ನಡುಗಿದರು. ಆದರೆ ಕಾನೂನು ಬಂದದ್ದು 1938ರಲ್ಲಿ, ಅದೂ 1937ರಲ್ಲಿ ಸಲ್ಫನಿಲಮೈಡ್ ಎಂಬ ಔಷಧಿಯ ದ್ರಾವಣ ಕುಡಿದು ನೂರಕ್ಕೂ ಹೆಚ್ಚು ಜನ ಸತ್ತ ಮೇಲೆ. ಫೋಟೊಗಳು ಜನರ ಮನಸ್ಸನ್ನು ಹದ ಮಾಡಿದ್ದವು, ಕರಡು ಸಿದ್ಧವಿತ್ತು, ಸಂದರ್ಭ ಒದಗಿದಾಗ ಮೂರೂ ಕೂಡಿದವು. ಆ ಮೇಲೆ ಸೌಂದರ್ಯವರ್ಧಕಗಳ ಮಟ್ಟಿಗೆ ಅಲ್ಲಿ ದೊಡ್ಡ ತಿದ್ದುಪಡಿಯಾಗಲು 2022ರ ಡಿಸೆಂಬರ್ ಬರಬೇಕಾಯಿತು. ಆ ಕಾನೂನು ಕೊಟ್ಟ ಒಂದು ಅಂಶವನ್ನು ನಾವು ಇಲ್ಲಿಗೂ ಕೇಳಬಹುದು: ಗಂಭೀರ ದುಷ್ಪರಿಣಾಮದ ದೂರು ಬಂದರೆ ಕಂಪನಿ 15 ಕೆಲಸದ ದಿನಗಳೊಳಗೆ ಸರ್ಕಾರಕ್ಕೆ ವರದಿ ಮಾಡಲೇಬೇಕು.

ಪೂರ್ವಪಕ್ಷವನ್ನು ನೀವೇ ಬರೆಯಿರಿ

ನಮ್ಮ ಶಾಸ್ತ್ರಗ್ರಂಥಗಳ ಪದ್ಧತಿಯಲ್ಲಿ ಎದುರಾಳಿಯ ವಾದವನ್ನು ಅವನಿಗಿಂತ ಚೆನ್ನಾಗಿ ಹೇಳಿ ಆಮೇಲೆ ಉತ್ತರಿಸಬೇಕು. ಇಲ್ಲಿ ಅತ್ಯಂತ ಗಟ್ಟಿಯಾದ ಪೂರ್ವಪಕ್ಷ ಇದು: ಪಾದರಸದ ಕ್ರೀಮುಗಳಲ್ಲಿ ಬಹುಪಾಲು ಕಳ್ಳದಾರಿಯಲ್ಲಿ ಬಂದವು, ಡಬ್ಬಿಯ ಮೇಲೆ ತಯಾರಕರ ವಿಳಾಸವಾಗಲಿ ಆಮದಿನ ನೋಂದಣಿ ಸಂಖ್ಯೆಯಾಗಲಿ ಇರುವುದಿಲ್ಲ, ನಿಯಮ ಬಿಗಿ ಮಾಡಿದರೆ ಖರ್ಚು ಬೀಳುವುದು ಪರವಾನಗಿ ಪಡೆದು ಪ್ರಾಮಾಣಿಕವಾಗಿ ತಯಾರಿಸುವ ಸಣ್ಣ ಘಟಕಗಳ ಮೇಲೆ, ಕಳ್ಳಮಾಲಿನವನಿಗೆ ಏನೂ ಆಗುವುದಿಲ್ಲ. ಈ ಮಾತಿನಲ್ಲಿ ಹುರುಳಿದೆ. ಒಪ್ಪಿಕೊಂಡು ಉತ್ತರಿಸಿದರೆ ಅದೇ ನಿಮ್ಮ ಬೇಡಿಕೆಗೆ ಆಸರೆಯಾಗುತ್ತದೆ: ಅದಕ್ಕೇ ನಾವು ತಯಾರಕರ ಮೇಲೆ ಹೊಸ ಕಾಗದಪತ್ರ ಹೊರಿಸಲು ಕೇಳುತ್ತಿಲ್ಲ, ಅಂಗಡಿಯ ಕಪಾಟಿನಿಂದ ಮಾದರಿ ತೆಗೆಯಲು ಕೇಳುತ್ತಿದ್ದೇವೆ, ಕಳ್ಳಮಾಲು ಕೊನೆಗೆ ಬಂದು ಕೂರುವುದು ಅಲ್ಲಿಯೇ. ಬಳಸುವುದು ಬಿಡುವುದು ಅವರವರ ಇಷ್ಟ ಎಂಬ ಇನ್ನೊಂದು ಆಕ್ಷೇಪಕ್ಕೆ ಉದ್ದ ಉತ್ತರ ಬೇಡ. ಲೇಬಲ್ಲಿನಲ್ಲಿ ಪಾದರಸವೆಂದು ಬರೆದು ಮಾರಿದ ದಿನ ಆ ಮಾತನ್ನು ಚರ್ಚಿಸಬಹುದು.

ಯಾರಿಗೆ, ಯಾವಾಗ

ವಿಳಾಸ ತಪ್ಪಿದರೆ ವಾದವೂ ತಪ್ಪುತ್ತದೆ. ಪಾದರಸದ ಮಿತಿ, ಕಣ್ಣಿನ ಉತ್ಪನ್ನಗಳ ವಿನಾಯಿತಿ, ದುಷ್ಪರಿಣಾಮದ ವರದಿ ಇವೆಲ್ಲ ಕೇಂದ್ರದ ಕೈಯಲ್ಲಿವೆ. ನಿಯಮ ಬದಲಿಸುವ ಮೊದಲು ಕೇಂದ್ರವು ಔಷಧ ತಾಂತ್ರಿಕ ಸಲಹಾ ಮಂಡಳಿಯನ್ನು ಕೇಳಬೇಕು ಮತ್ತು ಕರಡನ್ನು ರಾಜ್ಯಪತ್ರದಲ್ಲಿ ಪ್ರಕಟಿಸಿ ಆಕ್ಷೇಪಣೆ, ಸಲಹೆ ಕೇಳುವುದು ರೂಢಿ. ತಯಾರಿಕಾ ಪರವಾನಗಿ, ಅಂಗಡಿ ತಪಾಸಣೆ, ಮಾದರಿ ಪರೀಕ್ಷೆ ರಾಜ್ಯದ ಕೆಲಸ. ಆದ್ದರಿಂದ ನಮ್ಮ ಉದಾಹರಣೆಯ ಬೇಡಿಕೆ ಬೆಂಗಳೂರಿಗೆ ಹೋಗಬೇಕು. ಕಣ್ಣಿನ ವಿನಾಯಿತಿ ತೆಗೆಯಿರಿ ಎಂಬುದು ದೆಹಲಿಗೆ. ನಿಯಮಗಳು ಆಗಾಗ ತಿದ್ದುಪಡಿಯಾಗುತ್ತಿರುತ್ತವೆ, ಕಳಿಸುವ ವಾರ ಮತ್ತೊಮ್ಮೆ ಮೂಲ ಪಠ್ಯವನ್ನು ನೋಡಿಕೊಳ್ಳಿ.

ಸಂದರ್ಭವೂ ಒಂದು ವಾದವೇ. ಪಾದರಸದ ಬಳಕೆಗೆ ಕಡಿವಾಣ ಹಾಕುವ, ಭಾರತವು 2018ರಲ್ಲಿ ಅನುಮೋದಿಸಿದ ಮಿನಮಾತ ಎಂಬ ಅಂತರರಾಷ್ಟ್ರೀಯ ಒಪ್ಪಂದದ ಸದಸ್ಯ ರಾಷ್ಟ್ರಗಳು 2023ರಲ್ಲಿ ಜಿನೀವಾದಲ್ಲಿ ಸೇರಿ, ಪಾದರಸ ಬೆರೆಸಿದ ಸೌಂದರ್ಯವರ್ಧಕಗಳಿಗೆ ಇದ್ದ ಹತ್ತು ಲಕ್ಷಕ್ಕೆ 1 ಭಾಗವೆಂಬ ರಿಯಾಯಿತಿಯನ್ನೂ ಕೈಬಿಟ್ಟು, 2025ನ್ನು ಗಡುವಾಗಿ ಒಪ್ಪಿದವು. ದೇಶವೇ ಒಪ್ಪಿಕೊಂಡ ಮಾತನ್ನು ನೆನಪಿಸುವವರಿಗೆ ಅರ್ಧ ವಾದ ಸಿದ್ಧವಾಗಿಯೇ ಸಿಗುತ್ತದೆ. ಅಧಿವೇಶನಕ್ಕೆ ಮುಂಚೆ ನಿಮ್ಮ ಶಾಸಕರಿಗೆ ಒಂದು ಪ್ರಶ್ನೆ ಬರೆದುಕೊಡುವುದೂ ಒಳ್ಳೆಯ ದಾರಿ: ಕಳೆದ ವರ್ಷ ಎಷ್ಟು ಸೌಂದರ್ಯವರ್ಧಕ ಮಾದರಿಗಳನ್ನು ಪಾದರಸಕ್ಕಾಗಿ ಪರೀಕ್ಷಿಸಲಾಯಿತು? ಉತ್ತರ ಯಾವ ಅಂಕಿಯಾದರೂ ಅದು ನಿಮ್ಮ ಮುಂದಿನ ಪತ್ರದ ಮೊದಲ ವಾಕ್ಯವಾಗುತ್ತದೆ.

ಪತ್ರ ಎರಡು ಪುಟ ಮೀರದಿರಲಿ: ಮೊದಲು ಬೇಡಿಕೆ, ಆಮೇಲೆ ನೀವು ಯಾರೆಂಬ ಒಂದು ಸಾಲು, ಅಂಕಿಗಳು, ಆ ಒಬ್ಬ ವ್ಯಕ್ತಿಯ ಅನುಭವ, ಪೂರ್ವಪಕ್ಷಕ್ಕೆ ಉತ್ತರ. ಜೊತೆಗೆ ವಿಶ್ಲೇಷಕರ ವರದಿಯ ಪ್ರತಿ, ಡಬ್ಬಿಯ ಎಲ್ಲ ಬದಿಗಳ ಫೋಟೊ, ಮತ್ತು ಖರೀದಿಯ ರಶೀದಿ. ರಶೀದಿ ಕೊಡಲು ಅಂಗಡಿಯವರು ಒಪ್ಪದಿದ್ದರೆ, ಒಪ್ಪಲಿಲ್ಲವೆಂಬುದನ್ನೇ ದಿನಾಂಕ ಹಾಕಿ ಒಂದು ಸಾಲಿನಲ್ಲಿ ಬರೆದು ಲಗತ್ತಿಸಿ.